ಕೊನೆಗೊಂದು ‘ಎನ್’ ಅಕ್ಷರ: ದಾಖಲೆಗಳಲ್ಲಿ ಹೆಸರು, ಹುಟ್ಟಿದ ತಾರೀಕು ತಿದ್ದಿಸುವ ಬಗೆ

ಎಲ್ಲರಿಗೂ ನಮಸ್ಕಾರ.

ನಾರಾಯಣ ಎಂಬ ಹೆಸರನ್ನೇ ತೆಗೆದುಕೊಳ್ಳೋಣ. ಮನೆಯಲ್ಲೂ ಕನ್ನಡ ಶಾಲೆಯ ಹಾಜರಿ ಪುಸ್ತಕದಲ್ಲೂ ನಾರಾಯಣ. ರೇಷನ್ ಕಾರ್ಡಿನಲ್ಲಿ ಮಲಯಾಳದಲ್ಲಿ ಬರೆದವರು ತಮ್ಮ ವಾಡಿಕೆಯಂತೆ ‘ನಾರಾಯಣನ್’ ಎಂದರು. ಅದೇ ಕಾರ್ಡು ತೋರಿಸಿ ಆಧಾರ್ ಮಾಡಿಸಿದ್ದರಿಂದ ಇಂಗ್ಲಿಷಿನಲ್ಲೂ ಕೊನೆಗೊಂದು ‘ಎನ್’ ಅಂಟಿಕೊಂಡಿತು. ಪ್ಯಾನ್ ಕಾರ್ಡಿಗೆ ಎಸ್.ಎಸ್.ಎಲ್.ಸಿ. ಬುಕ್ಕು ಕೊಟ್ಟರು, ಅದರಲ್ಲಿ ಆ ‘ಎನ್’ ಇಲ್ಲ. ಈಗ ಎರಡನ್ನೂ ಜೋಡಿಸಲು ಹೋದರೆ ಹೆಸರು ತಾಳೆಯಾಗುವುದಿಲ್ಲ. ಕೃಷ್ಣ ಕೃಷ್ಣನ್ ಆಗುವುದೂ ಹೀಗೆಯೇ. ಲಲಿತ, ಸುಜಾತ ಎಂಬ ಹೆಸರುಗಳಲ್ಲಿ ‘ತ’ಕ್ಕೆ ಬರೀ ‘ಟಿ’ಯೋ ‘ಟಿ, ಎಚ್’ ಎರಡೂ ಬೇಕೋ ಎಂಬುದು ಇನ್ನೊಂದು ತಕರಾರು. ಕನ್ನಡದಿಂದ ಮಲಯಾಳಕ್ಕೆ, ಅಲ್ಲಿಂದ ಇಂಗ್ಲಿಷಿಗೆ ಹೆಸರು ದಾಟುವ ನಮ್ಮ ಕಾಸರಗೋಡಿನಲ್ಲಿ ಇದು ಓದುಬರಹ ಬಾರದವರ ತಪ್ಪಲ್ಲ, ಯಾರೂ ನಾಚಿಕೊಳ್ಳಬೇಕಾಗಿಲ್ಲ.

ತೊಡಕು ಗೊತ್ತಾದ ಕೂಡಲೇ ಹೆಚ್ಚಿನವರು ಅಕ್ಷಯ ಕೇಂದ್ರಕ್ಕೆ (ಕೇರಳದ ಸರಕಾರಿ ಆನ್‌ಲೈನ್ ಸೇವಾ ಕೇಂದ್ರ) ಓಡಿ ಆಧಾರ್ ತಿದ್ದಿಸುತ್ತಾರೆ. ದಯವಿಟ್ಟು ಹಾಗೆ ಮಾಡಬೇಡಿ. ಆಧಾರ್‌ನಲ್ಲಿ ಹೆಸರು ಬದಲಿಸಲು ಜೀವಮಾನದಲ್ಲಿ 2 ಅವಕಾಶ, ಹುಟ್ಟಿದ ತಾರೀಕಿಗೆ 1 ಮಾತ್ರ. ಅವಸರದಲ್ಲಿ ತಪ್ಪು ಸ್ಪೆಲ್ಲಿಂಗಿಗೆ ಆ ಅವಕಾಶ ಖರ್ಚಾದರೆ ಮುಂದೆ ವಿಶೇಷ ಅನುಮತಿಗಾಗಿ ಅಲೆಯಬೇಕು. ಮೊದಲು ಎಲ್ಲ ದಾಖಲೆಗಳನ್ನು ಮೇಜಿನ ಮೇಲೆ ಹರಡಿ, ಹೆಸರು, ಇನಿಶಿಯಲ್, ತಂದೆಯ ಹೆಸರು, ತಾರೀಕುಗಳನ್ನು ಒಂದು ಕಾಗದದಲ್ಲಿ ಅಕ್ಷರ ಅಕ್ಷರವಾಗಿ ಬರೆದುಕೊಳ್ಳಿ. ಜನನ ಪ್ರಮಾಣಪತ್ರ ಮತ್ತು ಎಸ್.ಎಸ್.ಎಲ್.ಸಿ. ಬುಕ್ಕು ಬೇರುಗಳು, ಉಳಿದವೆಲ್ಲ ಕೊಂಬೆಗಳು. ಬೇರು ಎರಡೂ ಹೊಂದಿದರೆ ಉಳಿದವನ್ನು ಅದಕ್ಕೆ ಹೊಂದಿಸಿ. ಹೊಂದದಿದ್ದರೆ ಮೊದಲ ಕೆಲಸ ಅಲ್ಲೇ.

ಜನನ ನೋಂದಣಿ ಆಗುವುದು ಮನೆಯಿರುವ ಊರಿನಲ್ಲಲ್ಲ, ಮಗು ಹುಟ್ಟಿದ ಊರಿನಲ್ಲಿ. ಮಂಜೇಶ್ವರ, ಕುಂಬಳೆ ಕಡೆಯ ಎಷ್ಟೋ ಮಕ್ಕಳು ಮಂಗಳೂರಿನ ಆಸ್ಪತ್ರೆಗಳಲ್ಲಿ ಹುಟ್ಟಿದವರು. ಅವರ ದಾಖಲೆ ಇರುವುದು ಕರ್ನಾಟಕದ ನೋಂದಣಾಧಿಕಾರಿಯ ಬಳಿ. ನಮ್ಮ ಪಂಚಾಯತಿನ ಕಾರ್ಯದರ್ಶಿ ಅದನ್ನು ಮುಟ್ಟುವಂತಿಲ್ಲ. ಪ್ರಮಾಣಪತ್ರದ ಮೊಹರು ನೋಡಿ, ಅದೇ ಕಚೇರಿಗೆ ಅರ್ಜಿ ಹಾಕಿ. ಹುಟ್ಟಿದ್ದು ಇಲ್ಲೇ ಆದರೆ ಪಂಚಾಯತು ಅಥವಾ ನಗರಸಭೆಯ ಅರ್ಜಿ ಈಗ ಕೇರಳದ ಸ್ಥಳೀಯ ಸಂಸ್ಥೆಗಳ ಆನ್‌ಲೈನ್ ವ್ಯವಸ್ಥೆಯಾದ ಕೆ-ಸ್ಮಾರ್ಟ್ ಮೂಲಕ ಹೋಗುತ್ತದೆ.

1969ರ ಜನನ ಮರಣ ನೋಂದಣಿ ಕಾಯಿದೆಯ 15ನೇ ಕಲಮಿನಂತೆ ಮೂಲ ಬರಹವನ್ನು ಅಳಿಸುವುದಿಲ್ಲ, ಅದರ ಮೇಲೆ ಬರೆಯುವುದೂ ಇಲ್ಲ. ಪಕ್ಕದ ಅಂಚಿನಲ್ಲಿ ಸರಿಯಾದದ್ದನ್ನು ಬರೆದು ನೋಂದಣಾಧಿಕಾರಿ ಸಹಿ, ತಾರೀಕು ಹಾಕುತ್ತಾರೆ. ಕೈತಪ್ಪಿನ ಅಕ್ಷರದೋಷವಾದರೆ ಕೆಲಸ ಹಗುರ. ಹೆಸರೇ ಬೇರೆ, ತಾರೀಕೇ ಬೇರೆ ಎಂದಾದರೆ ವಿಷಯ ತಿಳಿದ ಇಬ್ಬರು ನಂಬಲರ್ಹರ ಹೇಳಿಕೆ ಬೇಕು. ಆಸ್ಪತ್ರೆಯ ದಾಖಲೆ ಸಿಕ್ಕಿದರೆ ಜೊತೆಗಿಡಿ. 2023ರ ಅಕ್ಟೋಬರ್ 1ರಿಂದೀಚೆಗೆ ಹುಟ್ಟಿದ ಮಕ್ಕಳಿಗೆ ಹುಟ್ಟಿದ ತಾರೀಕಿಗೆ ಪುರಾವೆ ಜನನ ಪ್ರಮಾಣಪತ್ರವೊಂದೇ. ಎಳೆಯ ಮಕ್ಕಳ ತಂದೆತಾಯಂದಿರು ಇವತ್ತೇ ತೆಗೆದು ಓದಿ.

ಎಸ್.ಎಸ್.ಎಲ್.ಸಿ. ಬುಕ್ಕಿನ ತಿದ್ದುಪಡಿ ತಿರುವನಂತಪುರದ ಪರೀಕ್ಷಾ ಭವನದ್ದು, ಅಂದರೆ ಕೇರಳದ ಎಸ್.ಎಸ್.ಎಲ್.ಸಿ. ಪರೀಕ್ಷೆ ನಡೆಸುವ ಕಚೇರಿಯದ್ದು. ಹಳೆಯ ಶಾಲಾ ದಾಖಲಾತಿ ಪುಸ್ತಕದಲ್ಲಿ ಏನಿದೆ ಎಂಬುದೇ ಅಲ್ಲಿ ಮುಖ್ಯ. ಹಿಂದೆ ಜೂನಿನಲ್ಲಿ ಮಗುವನ್ನು ಒಂದನೇ ತರಗತಿಗೆ ಸೇರಿಸಲು ವಯಸ್ಸು ತುಂಬುವಂತೆ ಮೇ ತಿಂಗಳ ತಾರೀಕು ಬರೆಸಿದ ಮನೆಗಳು ಬೇಕಾದಷ್ಟಿವೆ. ತಾರೀಕು ಎರಡಾಗಲು ಅದೊಂದು ಕಾರಣ. ಈಗ ಹತ್ತರಲ್ಲಿ ಓದುತ್ತಿರುವ ಮಕ್ಕಳದ್ದನ್ನು ಪರೀಕ್ಷೆಗೆ ಮೊದಲೇ ಶಾಲೆಯಲ್ಲಿ ಕೂತು ಸರಿಪಡಿಸಿಕೊಳ್ಳುವುದು ಎಷ್ಟೋ ಸುಲಭ.

ಬೇರು ಸರಿಯಾದ ಮೇಲೆ ಆಧಾರ್. ಮೂಲಪ್ರತಿಗಳನ್ನು ಹಿಡಿದುಕೊಂಡು ಹೋಗಿ. 2025ರ ಅಕ್ಟೋಬರಿನಿಂದ ಶುಲ್ಕ 75 ರೂಪಾಯಿ, ಬೆರಳಚ್ಚು-ಕಣ್ಣಿನ ಗುರುತು ನವೀಕರಿಸಿದರೆ 125. ಇಂಗ್ಲಿಷಿನಲ್ಲಿ ಟೈಪು ಮಾಡಿದಾಗ ಸ್ಥಳೀಯ ಭಾಷೆಯ ಸಾಲು ತಾನಾಗಿ ಮೂಡುತ್ತದೆ, ತಪ್ಪು ನುಸುಳುವುದು ಅಲ್ಲಿ. ಅಂತಿಮವಾಗಿ ಒತ್ತುವ ಮೊದಲು ಪರದೆಯ ಎರಡೂ ಸಾಲುಗಳನ್ನು ನೀವೇ ಓದಿ. ಮಲಯಾಳ ಓದಲು ಬಾರದಿದ್ದರೆ ಬಲ್ಲವರನ್ನು ಕರೆದುಕೊಂಡು ಹೋಗಿ. ಇನಿಶಿಯಲ್ ಬಿಡಿಸಿ ಬರೆಯುವಾಗ ‘ಕೆ’ ಎಂದರೆ ಮನೆ ಹೆಸರೋ ತಂದೆಯ ಹೆಸರೋ ಎಂದು ಮೊದಲೇ ನಿಶ್ಚಯಿಸಿಕೊಳ್ಳಿ. ರಸೀದಿಯ ಮೇಲಿನ ನೋಂದಣಿ ಸಂಖ್ಯೆಯಿಂದ ಅರ್ಜಿ ಎಲ್ಲಿಗೆ ಮುಟ್ಟಿತೆಂದು ತಿಳಿಯಬಹುದು. ತಿರಸ್ಕೃತವಾದರೆ 1947ಕ್ಕೆ ಕರೆ ಮಾಡಿ ಕಾರಣ ಕೇಳಿ.

ಪ್ಯಾನ್ ಆಮೇಲೆ. ತಿದ್ದಿದರೂ ಸಂಖ್ಯೆ ಹಳೆಯದೇ, ಹೊಸ ಪ್ಯಾನಿಗೆ ಅರ್ಜಿ ಹಾಕಿದರೆ ಎರಡು ಸಂಖ್ಯೆಯಾಗಿ ದಂಡ ಬೀಳಬಹುದು. ಮತದಾರರ ಪಟ್ಟಿಗೆ 8ನೇ ನಮೂನೆ ಸಾಕು.

ಎರಡೂ ಹೆಸರು ಒಬ್ಬರದೇ ಎಂದು ವಿಲೇಜ್ ಆಫೀಸಿನಿಂದ ಸಿಗುವ ಪತ್ರದ ಮೇಲೆ ಹೆಚ್ಚು ಭರವಸೆ ಇಡಬೇಡಿ. ಆ ಹೊತ್ತಿನ ಕೆಲಸ ನಡೆಯಬಹುದು, ದಾಖಲೆಯ ತಪ್ಪು ದಾಖಲೆಯಲ್ಲೇ ಉಳಿಯುತ್ತದೆ.

ಕೊನೆಯದಾಗಿ ಅರ್ಜಿಯ ಭಾಷೆ. 1969ರ ಕೇರಳ ಅಧಿಕೃತ ಭಾಷಾ ಕಾಯಿದೆಯ ಪ್ರಕಾರ ಭಾಷಾ ಅಲ್ಪಸಂಖ್ಯಾತ ಪ್ರದೇಶದ ಸ್ಥಳೀಯ ಸರಕಾರಿ ಕಚೇರಿಗಳಿಗೆ ಕನ್ನಡಿಗರು ಕನ್ನಡದಲ್ಲೇ ಬರೆಯಬಹುದು, ಉತ್ತರವೂ ಕನ್ನಡದಲ್ಲೇ ಬರಬೇಕು. ವಿವರಣೆಯನ್ನು ಕನ್ನಡದಲ್ಲಿ ಬರೆಯಿರಿ. ಹೆಸರನ್ನು ಮಾತ್ರ ಕನ್ನಡ, ಮಲಯಾಳ, ಇಂಗ್ಲಿಷ್ ಮೂರರಲ್ಲೂ ಬಿಡಿಬಿಡಿ ಅಕ್ಷರದಲ್ಲಿ ಬರೆದು ಕೊಡಿ, ಒಂದು ಪ್ರತಿಗೆ ಸ್ವೀಕೃತಿಯ ಮೊಹರು ಹಾಕಿಸಿ ಮನೆಯಲ್ಲಿಟ್ಟುಕೊಳ್ಳಿ.