15 ವರ್ಷ ಕಾದ ನಿರ್ಮಾಪಕ

ಕೇಳುಗರಿಗೆಲ್ಲ ನಮಸ್ಕಾರ.

ಸಿನಿಮಾ ನೋಡಿ ಹೊರಗೆ ಬಂದವರು ನಟರ ಬಗ್ಗೆ ಮಾತಾಡುತ್ತಾರೆ, ನಿರ್ದೇಶಕರ ಬಗ್ಗೆ ಮಾತಾಡುತ್ತಾರೆ. ನಿರ್ಮಾಪಕರ ಹೆಸರು ಬಂದರೆ ಮಾತ್ರ "ದುಡ್ಡು ಹಾಕಿದವರು" ಎಂದು ಮುಗಿಸಿಬಿಡುತ್ತಾರೆ. ಈ ಮಾತು ಕೇಳಿ ಕೇಳಿ ನನಗೆ ಸಾಕಾಗಿದೆ. ನಿರ್ಮಾಪಕ ಬರೀ ದುಡ್ಡು ಹಾಕುವವನಲ್ಲ. ಈ ಸಿನಿಮಾ ಆಗಲೇಬೇಕು ಎಂದು ಮೊದಲು ಹಟ ಹಿಡಿಯುವವನು ಅವನು. ಅದು ಜನರ ಮುಂದೆ ಹೋಗುವ ತನಕ ಬಿಡದವನೂ ಅವನೇ. ಅಂಥ ಒಬ್ಬರು ಜರ್ಮನಿಯ ಬೆರ್ನ್ಡ್ ಐಷಿಂಗರ್.

ಹುಟ್ಟಿದ್ದು 1949ರಲ್ಲಿ, ಡ್ಯಾನ್ಯೂಬ್ ದಂಡೆಯ ನೊಯ್‌ಬುರ್ಗ್‌ನಲ್ಲಿ. ಮ್ಯೂನಿಕ್‌ನಲ್ಲಿ ಸಿನಿಮಾ ಕಲಿತು, 1974ರಲ್ಲಿ ಸೋಲಾರಿಸ್ ಎಂಬ ಸ್ವಂತ ಕಂಪನಿ ಶುರು ಮಾಡಿದರು. ವಿಮ್ ವೆಂಡರ್ಸ್ ಅಂಥ ನಿರ್ದೇಶಕರ ಚಿತ್ರಕ್ಕೆ ಹೆಗಲು ಕೊಟ್ಟರು. ಸಿನಿಮಾ ತಯಾರಾದರೆ ಸಾಕೇ? ಅದು ಥಿಯೇಟರ್ ತಲುಪಬೇಕಲ್ಲ! ಕಾನ್‌ಸ್ಟಾಂಟಿನ್ ಎಂಬ ಹಳೆಯ ಹಂಚಿಕೆ ಕಂಪನಿ ಆಗ ದಿವಾಳಿಯಾಗಿತ್ತು. ಅದರ ಹೆಸರಿನಲ್ಲೇ ಹೊಸದಾಗಿ ಎದ್ದ ಕಂಪನಿಯಲ್ಲಿ 1979ರಲ್ಲಿ ಐಷಿಂಗರ್ ಪಾಲು ಕೊಂಡರು, ಚುಕ್ಕಾಣಿ ಹಿಡಿದರು. ಎರಡೇ ವರ್ಷದಲ್ಲಿ, ಬರ್ಲಿನ್‌ನಲ್ಲಿ ಹೆರಾಯಿನ್ ಚಟಕ್ಕೆ ಬಿದ್ದ ಹುಡುಗಿಯೊಬ್ಬಳ ನಿಜ ಕಥೆ ತೆರೆಗೆ ತಂದರು. ಜಲಾಂತರ್ಗಾಮಿಯ ಕಥೆ 'ದಾಸ್ ಬೋಟ್' ಚಿತ್ರವನ್ನು ಹಂಚಿದ್ದೂ ಇದೇ ಕಂಪನಿ. 1986ರಲ್ಲಿ ಶಾನ್ ಕಾನರಿ ನಟಿಸಿದ 'ದಿ ನೇಮ್ ಆಫ್ ದ ರೋಸ್' ಬಂತು.

ಈಗ ನನಗೆ ತುಂಬ ಇಷ್ಟವಾದ ಕಥೆಗೆ ಬರುತ್ತೇನೆ.

1985ರಲ್ಲಿ ಪ್ಯಾಟ್ರಿಕ್ ಸುಸ್ಕಿಂಡ್ 'ಪರ್ಫ್ಯೂಮ್' ಎಂಬ ಕಾದಂಬರಿ ಬರೆದರು. ಲೋಕದ ಎಲ್ಲ ವಾಸನೆಯನ್ನೂ ಹಿಡಿಯಬಲ್ಲ ಮೂಗಿನ ಒಬ್ಬ ಕೊಲೆಗಾರನ ಕಥೆ. ಐಷಿಂಗರ್‌ಗೆ ಅದು ಬೇಕೇ ಬೇಕು ಅನಿಸಿತು. ಸುಸ್ಕಿಂಡ್ ಐಷಿಂಗರ್‌ಗೆ ಸ್ನೇಹಿತರೇ. ಆದರೂ ಸಿನಿಮಾ ಮಾಡುವ ಹಕ್ಕು ಕೊಡಲ್ಲ ಎಂದರು. ಐಷಿಂಗರ್ ಮತ್ತೆ ಕೇಳಿದರು, ಮತ್ತೆ ಇಲ್ಲ. ವರ್ಷಗಳು ಉರುಳಿದವು. ಸುಸ್ಕಿಂಡ್ ಕ್ಯಾಮೆರಾ ಕಂಡರೆ ದೂರ ಸರಿಯುವವರು, ಸಂದರ್ಶನ ಕೊಡದವರು. ಅಂಥವರು ನಿರ್ದೇಶಕ ಹೆಲ್ಮುಟ್ ಡೀಟ್ಲ್ ಜೊತೆ ಸೇರಿ, 1997ರಲ್ಲಿ ತೆರೆಗೆ ಬಂದ ಒಂದು ಸಿನಿಮಾಕ್ಕೆ ಚಿತ್ರಕಥೆ ಬರೆದರು. ಅದರಲ್ಲಿ ಸಂಕೋಚದ ಒಬ್ಬ ಲೇಖಕ, ಅವನ ಕಾದಂಬರಿಯ ಹಿಂದೆ ಬಿದ್ದ ಒಬ್ಬ ನಿರ್ಮಾಪಕ! ಯಾರು ಯಾರೆಂದು ಜರ್ಮನಿಯಲ್ಲಿ ಯಾರಿಗೂ ಬಿಡಿಸಿ ಹೇಳಬೇಕಾಗಿರಲಿಲ್ಲ.

ಐಷಿಂಗರ್ ಕಾದರು. ಸುಮಾರು 15 ವರ್ಷದ ನಂತರ ಸುಸ್ಕಿಂಡ್ ಒಪ್ಪಿದರು. ಆಗ ಕಂಪನಿಯ ಮಂಡಳಿಯೇ ಅಷ್ಟು ದುಡ್ಡು ಕೊಡಲು ತಯಾರಿರಲಿಲ್ಲ. ಐಷಿಂಗರ್ ಸ್ವಂತ ಸಾಲ ಮಾಡಿ ಹಕ್ಕು ಕೊಂಡರು. ದುಡ್ಡು ಹಾಕುವವನು ಲೆಕ್ಕ ಹಾಕಿ ಎದ್ದು ಹೋಗುತ್ತಿದ್ದ, ಅಲ್ವಾ? ಇವರು ಹೋಗಲಿಲ್ಲ. ಇನ್ನೂ ದೊಡ್ಡ ಕಷ್ಟ ಮುಂದಿತ್ತು. ತೆರೆಯ ಮೇಲೆ ಬಣ್ಣ ತೋರಿಸಬಹುದು, ಸದ್ದು ಕೇಳಿಸಬಹುದು. ವಾಸನೆ? ಆ ಕಥೆಗೆ ಮಾತಿಗಿಂತ ಮೂಗು ಮುಖ್ಯ. ಐಷಿಂಗರ್ ತಾವೇ ಕೂತು, ಆಂಡ್ರ್ಯೂ ಬರ್ಕಿನ್ ಮತ್ತು ನಿರ್ದೇಶಕ ಟಾಮ್ ಟಿಕ್ವರ್ ಜೊತೆ ಚಿತ್ರಕಥೆ ಬರೆದರು. ಮೀನು ಮಾರ್ಕೆಟ್ಟಿನ ಕೊಳಕನ್ನು, ಹಣ್ಣು ಕೊಯ್ಯುವ ಹುಡುಗಿಯ ಕೈಯನ್ನು ಕ್ಯಾಮೆರಾ ಎಷ್ಟು ಹತ್ತಿರದಿಂದ ನೋಡುತ್ತದೆಂದರೆ, ನೋಡುವವರ ಮೂಗು ತಾನಾಗಿ ಅರಳುತ್ತದೆ. 2006ರಲ್ಲಿ ಚಿತ್ರ ಬಂದಾಗ ಜರ್ಮನಿಯಲ್ಲೇ 50 ಲಕ್ಷಕ್ಕೂ ಜಾಸ್ತಿ ಜನ ನೋಡಿದರು.

ಸಮಯ ಓಡಿಹೋಗಿದೆ. ಐಷಿಂಗರ್ ಅವರದೇ 'ಡೌನ್‌ಫಾಲ್' ಬಗ್ಗೆ ಜಾಸ್ತಿ ಹೇಳಬೇಕೆಂದಿದ್ದೆ. ಹಿಟ್ಲರನ ಕೊನೆಯ ದಿನಗಳ ಕಥೆ, 2004ರ ಚಿತ್ರ. ಬ್ರೂನೋ ಗಾಂಟ್ಸ್ ಹಿಟ್ಲರ್ ಆಗಿದ್ದಾರೆ. 2011ರ ಜನವರಿಯಲ್ಲಿ ಲಾಸ್ ಏಂಜಲೀಸ್‌ನಲ್ಲಿ ಹೃದಯಾಘಾತದಿಂದ ಐಷಿಂಗರ್ ತೀರಿಕೊಂಡರು. ಅವರಿಗೆ 61 ವರ್ಷ.

'ಡೌನ್‌ಫಾಲ್' ಸಿಕ್ಕರೆ ನೋಡಿ. ದಯವಿಟ್ಟು ತೆರೆಯ ಮೇಲೆ ಬರುವ ಹೆಸರುಗಳನ್ನು ಓಡಿಸಬೇಡಿ. ನಿರ್ಮಾಪಕ ಎಂಬ ಕಡೆ ಐಷಿಂಗರ್ ಹೆಸರಿದೆ, ಚಿತ್ರಕಥೆ ಎಂಬ ಕಡೆಯೂ ಇದೆ. ನಮಸ್ಕಾರ.