ಹಾಡು ತೆಗೆದು ಚಿತ್ರ ತೋರಿಸಿದ ಮೇಷ್ಟ್ರು

ಕೇಳುಗರೆಲ್ಲರಿಗೂ ನಮಸ್ಕಾರ.

ಟಿವಿಯಲ್ಲಿ ಬರುವ ಹಾಡಿನ ವಿಡಿಯೊದಿಂದ ಹಾಡನ್ನೇ ತೆಗೆದು, ಬರೀ ಚಿತ್ರ ಓಡಿಸಿದರೆ ಏನು ಕಾಣುತ್ತದೆ? ಅಮೆರಿಕದ ಮ್ಯಾಸಚುಸೆಟ್ಸ್ ವಿಶ್ವವಿದ್ಯಾಲಯದ ಮೇಷ್ಟ್ರು ಸಟ್ ಜಾಲಿ 1990ರ ಸುಮಾರಿಗೆ ಇದನ್ನೇ ಮಾಡಿದರು. ಇವರು ಕೀನ್ಯಾದಲ್ಲಿ ಹುಟ್ಟಿ ಇಂಗ್ಲೆಂಡಿನಲ್ಲಿ ಬೆಳೆದವರು. ಎಂಟಿವಿ ಎಂಬ ಅಮೆರಿಕದ ಸಂಗೀತ ಚಾನೆಲ್ಲಿನ ಹಾಡುಗಳ ದೃಶ್ಯಗಳನ್ನು ಜೋಡಿಸಿ, ಸಂಗೀತದ ಜಾಗದಲ್ಲಿ ತಮ್ಮ ಮಾತು ಸೇರಿಸಿದರು. ಅದಕ್ಕೆ 'ಡ್ರೀಮ್‌ವರ್ಲ್ಡ್ಸ್' ಎಂದು ಹೆಸರಿಟ್ಟರು. ಮಾಡಿದ್ದು ತಮ್ಮ ತರಗತಿಗಾಗಿ. ಹಾಡಿನ ಗುಂಗು ಇಲ್ಲದಾಗ, ಕ್ಯಾಮೆರಾ ಹೆಣ್ಣುಮಕ್ಕಳ ಮೈಯನ್ನು ತುಂಡು ತುಂಡಾಗಿ ತೋರಿಸುವುದು ಕಣ್ಣಿಗೆ ರಾಚುತ್ತದೆ.

ದೃಶ್ಯಗಳನ್ನು ಬಳಸಲು ಅವರು ಯಾರ ಅನುಮತಿಯನ್ನೂ ಕೇಳಿರಲಿಲ್ಲ. ಕೋರ್ಟಿಗೆ ಎಳೆಯುತ್ತೇವೆ ಎಂದು ಎಂಟಿವಿ ಬೆದರಿಸಿತು. ಜಾಲಿ ಹಿಂದೆ ಸರಿಯಲಿಲ್ಲ. ವಿಮರ್ಶೆಗಾಗಿ ಬಳಸಲು ಅಲ್ಲಿನ ಕಾನೂನಿನಲ್ಲಿ ಅವಕಾಶವಿದೆ ಎಂದು ವಾದಿಸಿದರು. ಅವರ ಇಡೀ ಕೆಲಸದಲ್ಲಿ ನನಗೆ ಜಾಸ್ತಿ ಇಷ್ಟವಾಗುವುದು ಈ ಹಟವೇ. ಕವಿತೆಯ ಬಗ್ಗೆ ಬರೆಯುವಾಗ ನಾಲ್ಕು ಸಾಲು ಎತ್ತಿ ತೋರಿಸುತ್ತೇವೆ, ಅಲ್ವಾ? ಚಿತ್ರದ ಬಗ್ಗೆ ಮಾತಾಡುವವರಿಗೂ ಆ ಹಕ್ಕು ಬೇಕು. ಚಿತ್ರದ ಒಡೆಯರು ಒಪ್ಪಿದ ಮೇಲೆಯೇ ಟೀಕಿಸಬೇಕು ಅಂದರೆ, ಯಾರು ತಾನೇ ಒಪ್ಪುತ್ತಾರೆ?

ಈ ಗಲಾಟೆ ಪತ್ರಿಕೆಗಳಲ್ಲಿ ಬಂತು. ಬೇರೆ ಕಾಲೇಜುಗಳೂ ಚಿತ್ರ ಕೇಳಿದವು. ಅದರಿಂದಲೇ, ಮಾಧ್ಯಮಗಳನ್ನು ವಿಮರ್ಶಿಸುವ ಚಿತ್ರಗಳನ್ನು ಮಾಡಿ ಹಂಚುವ 'ಮೀಡಿಯಾ ಎಜುಕೇಶನ್ ಫೌಂಡೇಶನ್' ಎಂಬ ಸಂಸ್ಥೆ ಹುಟ್ಟಿತು.

1991ರಲ್ಲಿ, ಕುವೈತನ್ನು ಆಕ್ರಮಿಸಿದ್ದ ಇರಾಕಿನ ಮೇಲೆ ಅಮೆರಿಕ ಮತ್ತು ಅದರ ಮಿತ್ರರು ಕೊಲ್ಲಿ ಯುದ್ಧ ನಡೆಸಿದರು. ಜಾಲಿ ತಮ್ಮ ಸಹೋದ್ಯೋಗಿಗಳಾದ ಜಸ್ಟಿನ್ ಲೂಯಿಸ್, ಮೈಕೆಲ್ ಮಾರ್ಗನ್ ಜೊತೆ ಅಮೆರಿಕದ ಡೆನ್ವರ್ ಊರಿನ ಜನರನ್ನು ಮಾತಾಡಿಸಿ ಒಂದು ಸಮೀಕ್ಷೆ ಮಾಡಿದರು. ಯುದ್ಧದ ಬಗ್ಗೆ ಏನೇನು ಗೊತ್ತು, ಯುದ್ಧ ಬೇಕೋ ಬೇಡವೋ, ದಿನಕ್ಕೆ ಎಷ್ಟು ಹೊತ್ತು ಟಿವಿ ನೋಡುತ್ತೀರಿ ಎಂದು ಕೇಳಿದರು. ಜಾಸ್ತಿ ಟಿವಿ ನೋಡಿದವರಿಗೇ ಯುದ್ಧದ ಹಿನ್ನೆಲೆ ಕಡಿಮೆ ಗೊತ್ತಿತ್ತು. ಯುದ್ಧ ಬೇಕು ಅಂದವರಲ್ಲೂ ಅವರೇ ಜಾಸ್ತಿ. ಇರಾಕಿನ ಕ್ಷಿಪಣಿಗಳನ್ನು ತಡೆಯಲು ಅಮೆರಿಕ ಬಳಸಿದ ಪೇಟ್ರಿಯಟ್ ಕ್ಷಿಪಣಿಯ ಹೆಸರು ಮಾತ್ರ ಹೆಚ್ಚಿನವರಿಗೆ ಗೊತ್ತಿತ್ತು! ಹಗಲೂ ರಾತ್ರಿ ಸುದ್ದಿ ನೋಡಿದ ಜನ ಅವರು. ಆದರೂ ಆ ಪರದೆ ಅವರಿಗೆ ಆಯುಧ ತೋರಿಸಿತೇ ಹೊರತು ಕಾರಣ ಹೇಳಲಿಲ್ಲ. ಇದನ್ನು ನೆನೆದರೆ ಈಗಲೂ ಕಳವಳವಾಗುತ್ತದೆ.

ಮುಂದೆ ಜಾಲಿ ಬೇರೆಯವರ ಮಾತಿಗೂ ಕ್ಯಾಮೆರಾ ಹಿಡಿದರು. ಜಾಹೀರಾತು ಹೆಂಗಸರನ್ನು ಹೇಗೆ ತೋರಿಸುತ್ತದೆ ಎಂದು ಅಮೆರಿಕದ ಲೇಖಕಿ ಜೀನ್ ಕಿಲ್ಬೋರ್ನ್ ವಿವರಿಸುವ ಚಿತ್ರ ಅಂಥದ್ದೊಂದು. 2006ರಲ್ಲಿ 'ರೀಲ್ ಬ್ಯಾಡ್ ಅರಬ್ಸ್' ಎಂಬ ಚಿತ್ರ ಬಂತು. ಅದರಲ್ಲಿ, ಸಿನಿಮಾಗಳಲ್ಲಿ ಅರಬರ ಚಿತ್ರಣವನ್ನು ಅಧ್ಯಯನ ಮಾಡಿದ ಜ್ಯಾಕ್ ಶಾಹೀನ್ ಹಾಲಿವುಡ್ಡಿನ ಮೂಕಿ ಕಾಲದಿಂದ ಹಿಡಿದು ಸಿನಿಮಾಗಳ ತುಣುಕು ತೋರಿಸುತ್ತಾ ಹೋಗುತ್ತಾರೆ. ಒಂದರಲ್ಲಿ ಅರಬ ಡಕಾಯಿತ, ಇನ್ನೊಂದರಲ್ಲಿ ಲಂಪಟ ಶೇಖ, ಮತ್ತೊಂದರಲ್ಲಿ ಬಾಂಬ್ ಇಡುವವನು. ಇಂಥ ಪಾತ್ರಗಳನ್ನೇ ನೋಡುತ್ತಾ ಬೆಳೆದ ಜನಕ್ಕೆ, ಸಾಮಾನ್ಯ ಅರಬ ಕುಟುಂಬದ ನೋವು ತಟ್ಟುವುದು ಕಷ್ಟ ಎನ್ನುತ್ತಾರೆ ಶಾಹೀನ್.