ಆ ಮನೆಯಲ್ಲಿ ಅತ್ತೆ ಎಲ್ಲಿ ಹೋದ್ರು?

(ದೃಶ್ಯ: ಖಾಲಿ ಹಾಲ್. ಕಾಲಿಂಗ್ ಬೆಲ್ ಸದ್ದು.)

ಮಧ್ಯಾಹ್ನ ಹನ್ನೆರಡೂವರೆ. ಬಾಗಿಲು ತೆಗೆಯೋದು ಗೃಹಿಣಿ. ಹೊರಗೆ ಸೇಲ್ಸ್‌ಮನ್ನೋ, ದೂರದಿಂದ ಬಂದ ಮೈದುನನೋ. ಗಂಡ ಟೂರ್ ಮೇಲೆ. ಮುಂದಿನ ಕಥೆ ಬಿಡಿ, ನಾನು ಮಾತಾಡೋದು ವಯಸ್ಕರ ವೆಬ್ ಸೀರೀಸ್‌ಗಳಲ್ಲಿ ಬರೋ ಆ ಮನೆ ಬಗ್ಗೆ.

2008ರಲ್ಲಿ ಇಂಟರ್‌ನೆಟ್‌ಗೆ ಬಂದ 'ಸವಿತಾ ಭಾಭಿ' (ಭಾಭಿ ಅಂದ್ರೆ ಅತ್ತಿಗೆ) ಅನ್ನೋ ವಯಸ್ಕರ ಕಾಮಿಕ್ ಈ ಕಥೆಯ ಅಚ್ಚನ್ನ ಮನೆಮಾತು ಮಾಡ್ತು. 2009ರಲ್ಲಿ ಸರ್ಕಾರ ಸೈಟ್ ಬ್ಲಾಕ್ ಮಾಡ್ತು, ಅಚ್ಚು ಉಳೀತು. ಡೇಟಾ ಅಗ್ಗ ಆದ್ಮೇಲೆ ಅದೇ ಅತ್ತಿಗೆ, ಅದೇ ಮೈದುನ ಆ್ಯಪ್‌ಗಳಿಗೆ ಬಂದ್ರು. 2024ರ ಮಾರ್ಚ್‌ನಲ್ಲಿ ಕೇಂದ್ರ ವಾರ್ತಾ ಮತ್ತು ಪ್ರಸಾರ ಸಚಿವಾಲಯ ಅಶ್ಲೀಲ ಅಂತ 18 ಓಟಿಟಿಗಳನ್ನ ಬಂದ್ ಮಾಡಿಸ್ತು. ಅದರಲ್ಲಿ ಒಂದು ಆ್ಯಪ್ ಪ್ಲೇ ಸ್ಟೋರ್‌ನಲ್ಲೇ 1 ಕೋಟಿಗೂ ಹೆಚ್ಚು ಡೌನ್‌ಲೋಡ್ ಆಗಿತ್ತು! 2025ರ ಜುಲೈನಲ್ಲಿ ಮತ್ತೆ 25.

ಯಾಕೆ ಮನೆನೇ ಬೇಕು? ಒಂದು ಫ್ಲ್ಯಾಟ್ ಸಿಕ್ಕಿದ್ರೆ ಶೂಟಿಂಗ್ ಮುಗೀತು, ಸರಿ. ಆದ್ರೆ ಅತ್ತಿಗೆನೇ ಯಾಕೆ?

ನಮ್ಮ ಕಡೆ ಅತ್ತಿಗೆ ಅಂದ್ರೆ ತಾಯಿ ಸಮಾನ ಅಂತಾರೆ. ಉತ್ತರದಲ್ಲಿ ಅದರ ಜೊತೆಗೆ ಸಲಿಗೆನೂ ಇದೆ. ಹೋಳಿ ದಿನ ಅತ್ತಿಗೆಗೆ ಬಣ್ಣ ಹಚ್ಚಿ ಕಾಡೋದು ಮೈದುನನ ಹಕ್ಕು. (ಹಿಂದಿಯಲ್ಲಿ ಅವನಿಗೆ 'ದೇವರ್' ಅಂತಾರೆ. ನಮ್ಮ ಕಿವಿಗೆ ಏನೋ ಕೇಳಿಸತ್ತೆ, ಇರಲಿ.) ಆ ತಮಾಷೆ ನಡೆಯೋದು ಅಂಗಳದಲ್ಲಿ, ಅತ್ತೆ, ನಾದಿನಿ, ಮಕ್ಕಳು ಎಲ್ಲರೆದುರಿಗೆ. ನೋಡೋರು ಇದ್ದಾರೆ ಅಂತಲೇ ಅದು ತಮಾಷೆ. ಈ ಸೀರೀಸ್‌ಗಳು ಸಲಿಗೆ ಉಳಿಸ್ಕೊಂಡು ನೋಡೋರನ್ನೆಲ್ಲ ಮನೆಯಿಂದ ಹೊರಗೆ ಹಾಕಿವೆ.

ಕೆಲಸವನ್ನೂ ಹೊರಗೆ ಹಾಕಿವೆ. ಅಲ್ಲಿ ಕುಕ್ಕರ್ ಕೂಗಲ್ಲ, ಸಿಂಕ್‌ನಲ್ಲಿ ಪಾತ್ರೆ ಇರಲ್ಲ. ಕೇಂದ್ರ ಸರ್ಕಾರದ 2019ರ ಸಮಯ ಬಳಕೆ ಸಮೀಕ್ಷೆ ನೋಡಿ: ಸಂಬಳವಿಲ್ಲದ ಮನೆಗೆಲಸಕ್ಕೆ ಅದನ್ನ ಮಾಡೋ ಹೆಂಗಸರು ದಿನಕ್ಕೆ ಸರಾಸರಿ 299 ನಿಮಿಷ ಕೊಡ್ತಾರೆ, ಗಂಡಸರು 97. ಹತ್ತಿರಹತ್ತಿರ ಐದು ಗಂಟೆ. ಸೋಫಾ ಮೇಲೆ ಬೇಜಾರಾಗಿ ಕೂತಿರೋ ಗೃಹಿಣಿ ಗಂಡಸರ ಕಲ್ಪನೆ.

ನಿಜವಾದ ಹನ್ನೆರಡೂವರೆ ಹೇಗಿರತ್ತೆ? ಮಾವ ಜೋರಾಗಿ ನ್ಯೂಸ್ ಹಾಕಿದ್ದಾರೆ. ಅತ್ತೆ ಹಾಲ್‌ನಲ್ಲೇ ಕಾಲು ಚಾಚಿ ಸೊಪ್ಪು ಬಿಡಿಸ್ತಿದ್ದಾರೆ. ಬೆಲ್ ಆದ್ರೆ ಮೊದಲು ಕೇಳೋದು ಅವರೇ: "ಯಾರದು?"

ಇಂಥ ನಿಜವಾದ ಮನೆಯಲ್ಲಿ ಹೊಸದಾಗಿ ಮದುವೆಯಾದ ಗಂಡ-ಹೆಂಡತಿ ಹತ್ತು ನಿಮಿಷ ಮಾತಾಡಬೇಕಂದ್ರೂ ನೆಪ ಬೇಕು. ಒಣಗಿದ ಬಟ್ಟೆ ತರ್ತೀನಿ ಅಂತ ಅವಳು ಟೆರೇಸಿಗೆ ಹೋಗ್ತಾಳೆ. ಐದು ನಿಮಿಷ ಬಿಟ್ಟು, ನೀರಿನ ಟ್ಯಾಂಕ್ ನೋಡ್ತೀನಿ ಅಂತ ಅವನು.

(ದೃಶ್ಯ: ಟೆರೇಸ್, ಹಗ್ಗದ ಮೇಲೆ ಬಟ್ಟೆ. ಕೆಳಗಿಂದ ಅತ್ತೆಯ ದನಿ: "ಟ್ಯಾಂಕ್ ತುಂಬ್ತೇನೋ?")